ಎಂಟನೆಯವನ ಏಳು ಜನ

"ಗುರುಗಳೇ, ನಿನ್ನೆ ನನ್ನ ತಂಡ ಗೆದ್ದಿತು. ಆದರೆ ಗೆದ್ದ ಹಾಗೆ ಅನಿಸಲಿಲ್ಲ. ಯಾಕೆ?"

ಕೇಳಿದವನು ತಿಪ್ಪೇಶ. ಮಠದ ವಿದ್ಯಾರ್ಥಿನಿಲಯದಲ್ಲಿದ್ದು ಕಾಲೇಜಿಗೆ ಹೋಗುತ್ತಿದ್ದವನು. ಗುರುಗಳು ಪಡಸಾಲೆಯಲ್ಲಿ ಕೂತು ಬತ್ತಿ ಹೊಸೆಯುತ್ತಿದ್ದರು.

"ಎಲ್ಲಿ ಆಡಿದಿರಿ?" ಎಂದರು.

"ನಾನು ಆಡಲಿಲ್ಲ. ಎರಡು ತಂಡಗಳು ಬೇರೆಲ್ಲೋ ಕ್ರಿಕೆಟ್ ಆಡಿದವು. ಆ ಎರಡರಿಂದ ನನಗೆ ಬೇಕಾದ ಹನ್ನೊಂದು ಜನರನ್ನು ಫೋನಿನಲ್ಲಿ ಆರಿಸಿಕೊಂಡೆ. ಅವರು ರನ್ ಹೊಡೆದರೆ, ವಿಕೆಟ್ ತೆಗೆದರೆ ನನಗೆ ಅಂಕ. ಮೂರು ವರ್ಷದ ಹಿಂದೆ ನಾವು ಐದು ಜನ ಗೆಳೆಯರು ಶುರು ಮಾಡಿದೆವು. ಈಗ ನಿಲಯದಲ್ಲಿ ಎಲ್ಲರೂ ತಂಡ ಕಟ್ಟುತ್ತಾರೆ. ಬಸ್ಸಿನಲ್ಲಿ ಕಟ್ಟುತ್ತಾರೆ, ಕ್ಷೌರದಂಗಡಿಯಲ್ಲಿ ಕಟ್ಟುತ್ತಾರೆ. ನಿನ್ನೆಯ ಸ್ಪರ್ಧೆಯಲ್ಲಿ ಲಕ್ಷಕ್ಕೂ ಮೇಲೆ ತಂಡಗಳಿದ್ದವು. ನನ್ನದು ಮೊದಲನೆಯದು."

"ಗೆಳೆಯರಿಗೆ ಹೇಳಿದೆಯಾ?"

"ಅವರು ಅವರವರ ಫೋನ್ ನೋಡುತ್ತಿದ್ದರು."

ಗುರುಗಳು ಬತ್ತಿಯನ್ನು ತಟ್ಟೆಗೆ ಹಾಕಿ ಈ ಕತೆ ಹೇಳಿದರು.

ಒಂದು ಊರಿನಲ್ಲಿ ಒಬ್ಬ ನೇಕಾರನಿದ್ದ. ಆ ಊರಿಗೆ ಎರಡು ಕೇರಿ. ಕೆರೆಯ ಏರಿಯ ಕೆಳಗೆ ಒಂದು ಬಯಲು. ಮಳೆ ಇಲ್ಲದ ಎಲ್ಲ ಸಂಜೆಯೂ ಮೇಲಿನ ಕೇರಿಯವರಿಗೂ ಕೆಳಗಿನ ಕೇರಿಯವರಿಗೂ ಅಲ್ಲಿ ಕಬಡ್ಡಿ ನಡೆಯುತ್ತಿತ್ತು. ಒಂದು ಕಡೆಗೆ ಏಳು ಜನ. ಕೆಳಗಿನ ಕೇರಿಯಿಂದ ಎಂಟು ಜನ ಹೋಗುತ್ತಿದ್ದರು. ನೇಕಾರ ಎಂಟನೆಯವನು.

ಕೆಳಗಿನ ಕೇರಿಯ ತಂಡಕ್ಕೆ ಒಬ್ಬ ಗಾಣಿಗ ಮುಂದಾಳು. ಅವನು ಬಯಲಿನ ನಡುವೆ ನಿಂತು ತನ್ನವರನ್ನು ಒಬ್ಬೊಬ್ಬರನ್ನಾಗಿ ಹೆಸರು ಹಿಡಿದು ಕೂಗುತ್ತಿದ್ದ. ಕೂಗಿಸಿಕೊಂಡವನು ಅಂಗಿ ಬಿಚ್ಚಿ ಏರಿಯ ಮೇಲೆ ಎಸೆದು ಕೆಳಗೆ ಇಳಿಯುತ್ತಿದ್ದ. ತನ್ನನ್ನೂ ಸೇರಿಸಿ ಏಳಾದ ಮೇಲೆ ಗಾಣಿಗ ಕೂಗುವುದನ್ನು ನಿಲ್ಲಿಸುತ್ತಿದ್ದ. ನೇಕಾರ ಏರಿಯ ಮೇಲೆ ಕೂತು ಏಳು ಅಂಗಿಗಳನ್ನು ನೋಡಿಕೊಳ್ಳುತ್ತಿದ್ದ.

ಅವನಿಗೆ ಯಾರ ಮೇಲೂ ಸಿಟ್ಟಿರಲಿಲ್ಲ. ಗುಂಡಿಮಗ್ಗದಲ್ಲಿ ಕಾಲು ಇಳಿಬಿಟ್ಟು ಕೂತೂ ಕೂತೂ ಅವನ ತೊಡೆ ಸಣ್ಣಗಾಗಿತ್ತು. ಅದು ಅವನಿಗೂ ಗೊತ್ತಿತ್ತು. ಆದರೂ ಗಾಣಿಗ ಆರನೆಯ ಹೆಸರು ಕೂಗಿ ಉಸಿರೆಳೆದುಕೊಳ್ಳುವಾಗ ನೇಕಾರನ ಕೈ ತಾನಾಗಿ ಅಂಗಿಯ ಗುಂಡಿಗೆ ಹೋಗುತ್ತಿತ್ತು.

ಒಂದು ಸಲ ಏಳರಲ್ಲಿ ಒಬ್ಬನಿಗೆ ಜ್ವರ ಬಂತು. ನೇಕಾರ ಮಧ್ಯಾಹ್ನವೇ ಮಗ್ಗ ನಿಲ್ಲಿಸಿದ. ಕಚ್ಚೆ ಬಿಗಿದು ಬಯಲಿನ ಅಂಚಿಗೆ ಬಂದು ನಿಂತ. ಗಾಣಿಗ ಎಲ್ಲರನ್ನೂ ಕೂಗಿ ಮುಗಿಸಿದ. ಒಬ್ಬ ಕಡಿಮೆ. ಸುತ್ತ ನೋಡಿದ. ಅವನ ಹೆಂಡತಿಯ ತಮ್ಮ ಅವತ್ತು ನೆಂಟನಾಗಿ ಬಂದು ಏರಿಯ ಮೇಲೆ ಎಲೆ ಅಡಿಕೆ ಜಗಿಯುತ್ತಿದ್ದ.

"ಏನ್ ಭಾವಮೈದಾ, ಅಕ್ಕನ ಮನೇಲಿ ಉಂಡಿದ್ದು ಕರಗಬೇಕೋ ಬೇಡವೋ? ಇಳಿ ಬಾ."

ಆಮೇಲೆ ಗಾಣಿಗನಿಗೆ ನೇಕಾರನ ಕಚ್ಚೆ ಕಂಡಿತು. ಅವನಿಗೆ ಮುಜುಗರವಾಯಿತು.

"ಗೆರೆ ನೋಡೋಕೆ ನಿನ್ನಂಥೋನು ಬೇಕು ಕಣೋ. ನೀನೂ ಒಳಗೆ ಬಂದುಬಿಟ್ಟರೆ ನೋಡೋರು ಯಾರು?"

ಎಲ್ಲರೂ ನಕ್ಕರು. ನೇಕಾರನೂ ನಕ್ಕ. ಏರಿ ಹತ್ತಿ ಅಂಗಿಗಳ ಪಕ್ಕ ಕೂತ.

ಹೀಗೆ ಹನ್ನೆರಡು ವರ್ಷ ಕಳೆಯಿತು. "ಅವರು ಕರೆಯೋದಿಲ್ಲ, ನೀವು ಬಿಡೋದಿಲ್ಲ" ಎಂದು ಹೆಂಡತಿ ಹೇಳುತ್ತಿದ್ದಳು. ಅವನು, "ಇವತ್ತು ಕರೆದರೂ ಕರೆದಾರು" ಎಂದು ಹೊರಡುತ್ತಿದ್ದ.

ಹನ್ನೆರಡು ವರ್ಷ ನೋಡಿದವನಿಗೆ ಆಟ ತಿಳಿದಿತ್ತು. ದಾಳಿಗೆ ಬರುವವನ ಉಸಿರು ಮುಗಿಯುವ ಮೊದಲು ಎಡಭುಜ ಒಂದು ಬೆರಳಿನಷ್ಟು ಕುಸಿಯುತ್ತದೆ. ಹಿಡಿಯುವವನು ಕಣಕಾಲಿಗೆ ಬೀಳುವ ಮೊದಲು ಪಕ್ಕದವನ ಕೈಯನ್ನು ಬಿಗಿಯಾಗಿ ಹಿಡಿಯುತ್ತಾನೆ. ಆಡುವವರಿಗೇ ಗೊತ್ತಿಲ್ಲದ ಇಂಥವು ನೇಕಾರನಿಗೆ ಗೊತ್ತಿದ್ದವು.

ಆ ಊರಿಗೆ ಒಬ್ಬ ಬಟ್ಟೆ ವ್ಯಾಪಾರಿ ಬಂದು ನೆಲೆಸಿದ. ಅಲ್ಲಿಂದ ಹೊರಡುವ ಸಂತೆದಾರಿಯುದ್ದಕ್ಕೂ ಇದ್ದ ಬೇರೆ ಏಳು ಊರುಗಳಲ್ಲಿ ಕಬಡ್ಡಿ ತಂಡಗಳಿದ್ದವು. ಸಂತೆಯಿಂದ ಸಂತೆಗೆ ತಿರುಗುವ ಬಳೆಗಾರ ಎಲ್ಲಿ ಯಾರು ಯಾರನ್ನು ಮುಟ್ಟಿದರು, ಯಾರು ಯಾರನ್ನು ಹಿಡಿದರು ಎಂಬ ಸುದ್ದಿ ತರುತ್ತಿದ್ದ. ವ್ಯಾಪಾರಿ ಇದರಿಂದ ಒಂದು ಹೊಸ ಆಟ ಮಾಡಿದ. ಏಳೂ ಊರಿನ ಆಟಗಾರರಲ್ಲಿ ತನಗೆ ಬೇಕಾದ ಏಳು ಜನರ ಹೆಸರನ್ನು ಚೀಟಿಯಲ್ಲಿ ಬರೆಯಬೇಕು. ಶನಿವಾರ ಸಂಜೆ ಗುಡಿಯ ಗಂಟೆ ಬಾರಿಸುವುದರೊಳಗೆ ಏರಿಯ ಮೇಲೆ ಇಟ್ಟ ಗಡಿಗೆಗೆ ಹಾಕಬೇಕು. ಆರು ಹೆಸರಿನ ಚೀಟಿ ನಡೆಯುವುದಿಲ್ಲ. ಅಲ್ಲಿಂದ ಒಂದು ವಾರದಲ್ಲಿ ಯಾರ ಏಳು ಜನ ಹೆಚ್ಚು ಮುಟ್ಟಿ ಹೆಚ್ಚು ಹಿಡಿದರೋ ಅವನೇ ಗೆದ್ದವನು. ಗೆದ್ದವನ ಹೆಸರನ್ನು ಚಾವಡಿಯ ಗೋಡೆಯ ಮೇಲೆ ಸುಣ್ಣದಲ್ಲಿ ಬರೆಸುತ್ತಿದ್ದರು.

ನೇಕಾರ ಮೊದಲ ಚೀಟಿಯನ್ನು ಏರಿಯ ಮೇಲೆ ಕೂತು ಬರೆದ. ಬರೆಯುತ್ತ ಪ್ರತಿ ಹೆಸರನ್ನೂ ಮೆಲ್ಲಗೆ ಬಾಯಿಬಿಟ್ಟು ಹೇಳಿಕೊಂಡ. ಆ ವಾರ ಅವನೇ ಗೆದ್ದ. ಮುಂದಿನ ವಾರವೂ ಗೆದ್ದ.

ಆಟ ಬೆಳೆಯಿತು. ಮೊದಲು ಹತ್ತು ಚೀಟಿ ಬೀಳುತ್ತಿದ್ದವು, ವರ್ಷ ಕಳೆಯುವುದರೊಳಗೆ ಗಡಿಗೆ ಸಾಲದೆ ಕಾಳು ತುಂಬುವ ದೊಡ್ಡ ಗುಡಾಣ ತಂದಿಟ್ಟರು. ಬಾವಿಯ ಬಳಿ ಹೆಂಗಸರು, "ನಿನ್ನ ಏಳರಲ್ಲಿ ಯಾರ್‍ಯಾರೇ?" ಎಂದು ಕೇಳಿಕೊಂಡರು. ಪೂಜಾರಿ ಗಂಟೆ ಬಾರಿಸುವ ಮೊದಲು ತನ್ನ ಚೀಟಿ ಹಾಕಿ ಬರುತ್ತಿದ್ದ. ಬೇರೆ ಊರುಗಳಿಗೂ ಆಟ ಹಬ್ಬಿತು. ಆ ಊರುಗಳವರು ನೇಕಾರನನ್ನು ಹುಡುಕಿಕೊಂಡು ಬಂದು, ಈ ವಾರ ಯಾರನ್ನು ಬಿಡಬೇಕು, ಯಾರನ್ನು ಇಟ್ಟುಕೊಳ್ಳಬೇಕು ಎಂದು ಕೇಳುತ್ತಿದ್ದರು.

ನೇಕಾರ ತನ್ನ ಏಳು ಜನರಲ್ಲಿ ಒಬ್ಬನನ್ನೂ ಕಣ್ಣಾರೆ ಕಂಡಿರಲಿಲ್ಲ. ಆದರೂ ಮಗ್ಗದಲ್ಲಿ ಕೂತು ಅವರನ್ನೇ ನೆನೆಯುತ್ತಿದ್ದ. 'ನಮ್ಮವನು' ಎಂದೇ ಅವರ ಬಗ್ಗೆ ಮಾತಾಡುತ್ತಿದ್ದ. ಐದನೆಯ ಊರಿನ ಅವನ ಆಟಗಾರನೊಬ್ಬನ ಮಂಡಿ ಉಳುಕಿತು ಎಂದು ಸುದ್ದಿ ಬಂದಾಗ ನೇಕಾರ ಅವತ್ತು ಊಟ ಮಾಡಲಿಲ್ಲ. ಶನಿವಾರ ಗಂಟೆಗೆ ಮೊದಲು ಆ ಆಟಗಾರನ ಹೆಸರು ಹೊಡೆದುಹಾಕಿ ಇನ್ನೊಂದು ಬರೆದ.

ಗಾಣಿಗ ಮಾತ್ರ ಒಂದು ಚೀಟಿಯನ್ನೂ ಬರೆಯಲಿಲ್ಲ. "ನನಗೆ ಕಣ್ಣಿಗೆ ಕಾಣೋರು ಸಾಕಪ್ಪ" ಎನ್ನುತ್ತಿದ್ದ. ಆದರೆ ಕಣ್ಣಿಗೆ ಕಾಣುವವರು ಕಡಿಮೆಯಾಗುತ್ತ ಬಂದರು. ಒಬ್ಬ, ಸುದ್ದಿ ಬೇಗ ಸಿಗಲೆಂದು ಬಳೆಗಾರನನ್ನು ಎದುರುಗೊಳ್ಳಲು ಹೋದ. ಒಬ್ಬ ಚೀಟಿ ಬರೆದಾದ ಮೇಲೆ ಬರುತ್ತೇನೆ ಎಂದು ಏರಿಯ ಮೇಲೆ ಕೂತವನು ಏಳಲಿಲ್ಲ. ಅವರ ಜಾಗಕ್ಕೆ ಗಾಣಿಗ ತನ್ನ ಅಣ್ಣತಮ್ಮಂದಿರನ್ನು ಎಳೆದು ತಂದ. ಹೀಗೆ ಎಂಟು ವರ್ಷ ನಡೆಯಿತು.

ಒಂದು ಶನಿವಾರ ಸಂಜೆ ಕೆಳಗಿನ ಕೇರಿಯಿಂದ ಆರೇ ಜನ ಬಯಲಿಗೆ ಇಳಿದರು. ಮೇಲಿನ ಕೇರಿಯ ಏಳು ಜನ ಗೆರೆಯ ಆಚೆ ನಿಂತಿದ್ದರು.

"ಏನ್ ಗಾಣಿಗಪ್ಪಾ, ಆರಕ್ಕೇ ಮುಗೀತಾ ಸಂಸಾರ?" ಎಂದು ಅವರಲ್ಲೊಬ್ಬ ಕೂಗಿದ. "ಬೇಕಾದರೆ ನಮ್ಮಜ್ಜಿಯನ್ನು ಕಳಿಸ್ತೀನಿ."

ಗಾಣಿಗ ತಿರುಗಿ ಏರಿಯತ್ತ ನೋಡಿದ. ಐವತ್ತು ಜನ ಕೂತಿದ್ದರು. ಐವತ್ತು ತಲೆಗಳೂ ಚೀಟಿಯ ಮೇಲೆ ಬಗ್ಗಿದ್ದವು. ಅವನ ಕಣ್ಣು ಒಂದು ತುದಿಯಿಂದ ಇನ್ನೊಂದು ತುದಿಗೆ ಹೋಗಿ ಒಂದು ಕಡೆ ನಿಂತಿತು.

"ಹಾಲಪ್ಪಾ!"

ನೇಕಾರ ತಲೆ ಎತ್ತಲಿಲ್ಲ. ಆ ಜಾಗದಿಂದ ಆ ದನಿಯಲ್ಲಿ ತನ್ನ ಹೆಸರನ್ನು ಅವನು ಕೇಳಿಯೇ ಇರಲಿಲ್ಲ.

"ಏ ಹಾಲಪ್ಪಾ, ನಿನ್ನೇ ಕಣೋ! ಒಬ್ಬ ಕಡಿಮೆ. ಇಳಿ ಬಾ."

ನೇಕಾರ ಅರ್ಧ ಎದ್ದ. ಇಪ್ಪತ್ತು ವರ್ಷ ಕಾದದ್ದು ಬಂದಿತ್ತು. ಕೈಯಲ್ಲಿ ಚೀಟಿಯಿತ್ತು. ಅದರಲ್ಲಿ ಆರು ಹೆಸರುಗಳಿದ್ದವು. ಏಳನೆಯದಕ್ಕೆ ಎರಡನೆಯ ಊರಿನ ದಾಳಿಗಾರನೋ, ನಾಲ್ಕನೆಯ ಊರಿನ ಬಲಮೂಲೆಯಲ್ಲಿ ನಿಂತು ಹಿಡಿಯುವವನೋ ಎಂದು ಅವನು ಮಧ್ಯಾಹ್ನದಿಂದ ಯೋಚಿಸುತ್ತಿದ್ದ. ಪೂಜಾರಿ ಆಗಲೇ ಗುಡಿಯ ಕಡೆ ನಡೆದಿದ್ದ.

ನೇಕಾರ ಅಂಗೈ ಎತ್ತಿ ತೋರಿಸಿದ.

"ಬಂದೆ ಅಣ್ಣಾ, ಒಂದೇ ಗಳಿಗೆ. ಒಂದು ಹೆಸರು ಬಾಕಿ."

ಗಾಣಿಗ ಕಾದ. ಅವನ ಹಿಂದೆ ಐದು ಜನ ಕಾದರು. ಗೆರೆಯ ಆಚೆ ಏಳು ಜನ ಕಾದರು. ನೇಕಾರ ದಾಳಿಗಾರನ ಹೆಸರು ಬರೆದ, ಹೊಡೆದುಹಾಕಿದ, ಬಲಮೂಲೆಯವನ ಹೆಸರು ಬರೆದ. ಚೀಟಿ ಮಡಚಿ ಗುಡಾಣಕ್ಕೆ ಹಾಕುವಾಗ ಗಂಟೆ ಮೊಳಗಿತು. ಅವನು ಅಂಗಿ ಬಿಚ್ಚಿ ಎಸೆದ. ಕಚ್ಚೆ ಬಿಗಿಯುತ್ತಲೇ ಏರಿಯಿಂದ ಇಳಿದು ಓಡಿದ.

ಬಯಲಿನಲ್ಲಿ ಬೆಳಕು ಕಡಿಮೆಯಾಗಿತ್ತು. ಮೇಲಿನ ಕೇರಿಯವರು ಅಂಗಿ ಹಾಕಿಕೊಂಡು ಹೊರಟಿದ್ದರು. ಗಾಣಿಗ ಮತ್ತು ಅವನ ಐದು ಜನ ಕೇರಿಯ ಕಡೆ ನಡೆಯುತ್ತಿದ್ದರು. ಅವರ ಬೆನ್ನುಗಳು ಇನ್ನೂ ಕಾಣುತ್ತಿದ್ದವು. ಕೂಗಿದರೆ ಕೇಳುವಷ್ಟು ದೂರ. ನೇಕಾರ ಗೆರೆಯೊಳಗೆ ಬರಿಗಾಲಿನಲ್ಲಿ ನಿಂತ. ಮಣ್ಣು ಇನ್ನೂ ಬಿಸಿಯಾಗಿತ್ತು. ಅವನು ಬಾಯಿ ತೆರೆದ. ದನಿ ಹೊರಡಲಿಲ್ಲ. ಅವರು ಕೇರಿಯ ತಿರುವು ದಾಟಿ ಹೋದರು.

ಆ ವಾರ ನೇಕಾರನ ಏಳು ಜನ ಹಿಂದೆ ಯಾರ ಏಳು ಜನರೂ ಆಡದಷ್ಟು ಚೆನ್ನಾಗಿ ಆಡಿದರು. ಬಲಮೂಲೆಯವನೊಬ್ಬನೇ ಹನ್ನೊಂದು ಜನರನ್ನು ಹಿಡಿದ. ಊರಿನವರು ನೇಕಾರನನ್ನು ಹೆಗಲ ಮೇಲೆ ಹೊತ್ತು ಬಯಲನ್ನು ದಾಟಿಸಿ ಚಾವಡಿಗೆ ತಂದರು. ಗೋಡೆಯ ಮೇಲೆ ಅವನ ಹೆಸರನ್ನು ಆಳೆತ್ತರಕ್ಕೆ ಬರೆದರು. ಗುಂಪಿನ ಅಂಚಿನಲ್ಲಿ ನಿಂತಿದ್ದ ಗಾಣಿಗನೂ ಚಪ್ಪಾಳೆ ತಟ್ಟಿದ. ನೇಕಾರ ಮೇಲಿನಿಂದ ಅದನ್ನು ನೋಡಿದ.

ಆ ಶನಿವಾರದಿಂದ ಕೆಳಗಿನ ಕೇರಿಯವರು ಬಯಲಿಗೆ ಬಂದಿರಲಿಲ್ಲ. ಮೇಲಿನ ಕೇರಿಯವರು ಎರಡು ಸಂಜೆ ಬಂದು ನೋಡಿ, ಮೂರನೆಯ ದಿನ ಬರುವುದನ್ನು ಬಿಟ್ಟರು. ಬಯಲಿನಲ್ಲಿ ಹುಲ್ಲು ಬೆಳೆಯಿತು. ಕರುಗಳನ್ನು ಕಟ್ಟಿದರು.

ನೇಕಾರ ಚೀಟಿ ಬರೆಯುವುದನ್ನು ಬಿಟ್ಟ. ಆದರೆ ಏರಿಗೆ ಬರುವುದನ್ನು ಬಿಡಲಿಲ್ಲ. ದಿನಾ ಸಂಜೆ ಕಚ್ಚೆ ಬಿಗಿದು ಬಂದು, ಬಯಲಿನ ಕಡೆ ಮುಖ ಮಾಡಿ ಕೂರುತ್ತಿದ್ದ. ಯಾರಾದರೂ ಕೇಳಿದರೆ, "ಗಾಣಿಗ ಬರ್ತಾನೆ. ಒಂದು ಸಲ ಕರೆದಿದ್ದಾನೆ, ಮತ್ತೆ ಕರೀತಾನೆ" ಎನ್ನುತ್ತಿದ್ದ. ಕತ್ತಲಾಗುವ ಮೊದಲು ಎದ್ದು ಮನೆಗೆ ಹೋಗುತ್ತಿದ್ದ. ದಾರಿಯಲ್ಲಿ ಗಾಣಿಗನ ಮನೆ. ಒಳಗೆ ಗಾಣ ತಿರುಗುವ ಸದ್ದು. ಆ ಬಾಗಿಲ ಮುಂದೆ ಅವನ ಹೆಜ್ಜೆ ನಿಧಾನವಾಗುತ್ತಿತ್ತು. ಒಂದು ಕ್ಷಣ ನಿಲ್ಲುತ್ತಿದ್ದ. ಆಮೇಲೆ ಮುಂದೆ ಹೋಗುತ್ತಿದ್ದ.

ಒಂದು ದಿನ ಗಾಣಿಗನ ಹೆಂಡತಿ ಗಂಡನಿಗೆ, "ಆ ಹಾಲಪ್ಪ ದಿನಾ ನಮ್ಮ ಬಾಗಿಲಲ್ಲಿ ನಿಂತು ಹೋಗ್ತಾನೆ. ಏನಂತೆ, ಕೇಳಬಾರದೇ?" ಎಂದಳು.

"ಏನು ಕೇಳೋದು?" ಎಂದ ಗಾಣಿಗ. "ಈಗ ಅವನು ದೊಡ್ಡವನು. ಬೇಕಾಗಿದ್ದರೆ ಅವನೇ ಕೂಗ್ತಿದ್ದ."

ಅವನು ಎತ್ತನ್ನು ತಟ್ಟಿದ. ಗಾಣ ತಿರುಗಿತು. ಹೊರಗೆ ನಿಂತಿದ್ದವನು ಮುಂದೆ ನಡೆದ.

ಗುರುಗಳು ಕತೆ ನಿಲ್ಲಿಸಿದರು. ತಿಪ್ಪೇಶ ಮುಂದಿನದಕ್ಕಾಗಿ ಕಾದ. ಮುಂದೆ ಏನೂ ಇರಲಿಲ್ಲ.

"ಗುರುಗಳೇ, ತಪ್ಪಾದದ್ದು ಒಂದೇ ಗಳಿಗೆಯಲ್ಲಿ. ಅದನ್ನು ಸರಿ ಮಾಡಿಕೊಳ್ಳೋಕೆ ಅವನಿಗೆ ಎಷ್ಟೋ ಸಂಜೆಗಳಿದ್ದವು. ಇಬ್ಬರೂ ಒಂದೇ ಕೇರಿಯವರು. ಆ ಬಾಗಿಲಲ್ಲಿ ನಿಂತು ಅವನೇ ಒಂದು ಸಲ 'ಅಣ್ಣಾ, ಬಾ, ಆಡೋಣ' ಅನ್ನಬಹುದಿತ್ತಲ್ಲ?"

"ಅನ್ನಬಹುದಿತ್ತು," ಎಂದರು ಗುರುಗಳು. "ಆದರೆ ಅವನು ಹೆಸರು ಹಿಡಿದದ್ದೆಲ್ಲ ಚೀಟಿಯಲ್ಲಿ. ಕರೆದರೆ ಬರುವವರನ್ನು ಅವನು ಜೀವಮಾನದಲ್ಲಿ ಒಂದು ಸಲವೂ ಕರೆದಿರಲಿಲ್ಲ."

ತಿಪ್ಪೇಶ ಎದ್ದು, ಗೆಳೆಯರಿದ್ದ ನಿಲಯದ ಕಡೆ ನಡೆದ.