ಕೂಗಿ ಹೇಳಿದ ಬೆಲೆ

‘ಗುರುಗಳೇ, ನಾನು ಕಟ್ಟಿದ ಜಾಗದಲ್ಲಿ ನನ್ನ ಮಾತೇ ನಡೆಯದಿದ್ದರೆ ಅದು ನನ್ನದು ಹೇಗಾದೀತು?’ ಎಂದು ಶಿಷ್ಯ ಕೇಳಿದ.

ಮಠದ ಪಾಠಶಾಲೆಯನ್ನು ನಿಂತು ಕಟ್ಟಿಸಿದವನು ಅವನೇ. ಆ ದಿನ ಅಲ್ಲಿಯ ಉಪಾಧ್ಯಾಯರೆಲ್ಲ ಒಟ್ಟಾಗಿ ಅವನ ಮಾತೊಂದನ್ನು ತಳ್ಳಿಹಾಕಿದ್ದರು. ಇನ್ನು ಆ ಕಡೆ ಕಾಲಿಡುವುದಿಲ್ಲವೆಂದು ಹೇಳಿಹೋಗಲು ಬಂದಿದ್ದ.

ಗುರು ಅವನನ್ನು ಕೂರಿಸಿಕೊಂಡು ಕತೆ ಹೇಳಿದರು.

ಒಬ್ಬ ರೈತ ಹೆಂಗಸು ಮೆಣಸಿನಕಾಯಿ ಬೆಳೆಯುತ್ತಿದ್ದಳು. ಊರಿನ ಹೆಂಗಸರನ್ನು ಕೂಡಿಸಿ ಮಾರಾಟದ ಸಹಕಾರ ಸಂಘ ಕಟ್ಟುತ್ತೇನೆಂದು ಅವಳು ಹೊರಟಾಗ, ಆಗುವುದಿಲ್ಲವೆಂದು ಮೊದಲು ಹೇಳಿದವನು ಅವಳ ಮೈದುನ. ‘ಅತ್ತಿಗೆ, ಒಂದು ಒಲೆಯ ಮುಂದೆ ಮೂವರು ಹೆಂಗಸರು ಕೂತರೆ ಸಾರಿಗೆ ಮೂರು ಸಲ ಉಪ್ಪು ಬೀಳುತ್ತದೆ. ನೀವು ಸಂಘ ಕಟ್ಟುತ್ತೀರಾ?’ ಎಂದು ನಕ್ಕ. ಎರಡನೆಯವನು ಪೇಟೆಯ ದಲಾಲಿ. ಅವನು ನಗಲಿಲ್ಲ, ಮರುಕಪಟ್ಟ.

ಮರುಕಕ್ಕೆ ಕಾರಣವಿತ್ತು. ಆ ಪೇಟೆಯಲ್ಲಿ ಬೆಲೆಯನ್ನು ಬಾಯಿಬಿಟ್ಟು ಹೇಳುವ ರೂಢಿ ಇರಲಿಲ್ಲ. ವ್ಯಾಪಾರಿಯೂ ದಲಾಲಿಯೂ ಕೈ ಕೈ ಹಿಡಿದು ಮೇಲೊಂದು ಟವೆಲ್ ಹೊದಿಸುತ್ತಿದ್ದರು. ಒಳಗೆ ಬೆರಳು ಮುಟ್ಟಿ, ಬೆರಳು ಒತ್ತಿ ಬೆಲೆ ಕುದುರುತ್ತಿತ್ತು. ಪಕ್ಕದಲ್ಲಿ ನಿಂತ ರೈತನಿಗೆ ಕಾಣುತ್ತಿದ್ದದ್ದು ಅಲುಗಾಡುವ ಟವೆಲ್ ಮಾತ್ರ.

‘ಗಂಡಸರ ಕೈಯೊಳಗೆ ನೀನು ಕೈ ಇಡೋಕಾಗುತ್ತೇನಕ್ಕ? ಬೆಳೆದುಕೊಂಡಿರು. ಮಾರೋದು ನಿನ್ನಿಂದಾಗದು,’ ಎಂದ ದಲಾಲಿ.

‘ಹಾಗಾದರೆ ಟವೆಲ್ಲೇ ಬೇಡ,’ ಎಂದಳು ಅವಳು.

ಸಹಕಾರ ಕಾಯ್ದೆಯ ಪುಸ್ತಕವೊಂದನ್ನು ತಂದು ಓದಲು ಕೂತಳು. ಶಾಲೆಗೆ ಹೋದವಳಲ್ಲ. ಬಸ್ಸಿನ ಬೋರ್ಡು, ಗೊಬ್ಬರದ ಚೀಲ ನೋಡಿ ಅಕ್ಷರ ಕಲಿತವಳು. ಕಾಯ್ದೆಯ ಮಾತು ಕಲ್ಲಿನಂತೆ ಗಟ್ಟಿಯಿತ್ತು. ಒಂದೊಂದು ಸಾಲನ್ನೂ ಜೋರಾಗಿ ಓದುವಳು, ಅರ್ಥವಾಗದಿದ್ದರೆ ಪುಸ್ತಕಕ್ಕೇ ನಾಲ್ಕು ಬಯ್ಯುವಳು, ಮತ್ತೆ ಓದುವಳು. ಅದರಲ್ಲಿ ಒಂದು ಮಾತು ಅವಳಿಗೆ ಬಹಳ ಹಿಡಿಸಿತು: ಎಷ್ಟು ಹೊಲವಿದ್ದರೂ ಸಂಘದಲ್ಲಿ ಒಬ್ಬೊಬ್ಬರಿಗೆ ಒಂದೇ ಮತ. ಮೊದಲ ಸಭೆಯಲ್ಲಿ ಅದನ್ನು ಓದಿ, ‘ಕೇಳಿಸಿತೇನ್ರೇ? ಇಲ್ಲಿ ಯಾರೂ ಮೇಲಲ್ಲ,’ ಎಂದಳು. ಸಂಘದ ಬೈಲಾ ಬರೆಸುವಾಗ ತನ್ನದೊಂದು ಮಾತನ್ನೂ ಸೇರಿಸಿದಳು: ಸಂಘದ ಮಾಲಿನ ಬೆಲೆಯನ್ನು ಅಂಗಳದಲ್ಲಿ, ಎಲ್ಲರಿಗೂ ಕೇಳುವಂತೆ ಕೂಗಿ ಹೇಳಬೇಕು.

ಮೊದಲ ವರ್ಷ ವ್ಯಾಪಾರಿಗಳು ಬರಲಿಲ್ಲ. ಮರುವರ್ಷ ಒಬ್ಬ ಬಂದು, ನಾಚಿಕೊಂಡು, ಮೆಲ್ಲಗೆ ಕೂಗಿದ. ಆಮೇಲೆ ಅವನ ಹಿಂದೆ ಇನ್ನೊಬ್ಬ ಬಂದ. ಬರಬರುತ್ತ ಅಂಗಳ ಸಾಲದಾಯಿತು. ಸಂಘಕ್ಕೆ ಗೋದಾಮಾಯಿತು. ಎಲ್ಲ ವರ್ಷವೂ ಅವಳೇ ಅಧ್ಯಕ್ಷೆ. ಅವಳು ಹೇಳಿದ್ದಕ್ಕೆಲ್ಲ ಹೆಂಗಸರು ಹೂಂ ಎನ್ನುತ್ತಿದ್ದರು. ಆ ಹೂಂ ಅವಳ ಕಿವಿಗೆ ರೂಢಿಯಾಗಿಹೋಯಿತು.

ಒಂದು ವರ್ಷ ಎಲ್ಲ ಊರುಗಳಲ್ಲೂ ಬೆಳೆ ಹುಲುಸಾಗಿ ಬಂತು. ಪೇಟೆ ತುಂಬಿಹೋಯಿತು. ಮಾಲು ಗೋದಾಮಿನಲ್ಲೇ ಉಳಿದೀತೆಂದು ಅವಳಿಗೆ ನಿದ್ದೆ ಬರಲಿಲ್ಲ. ಆಗ ದೊಡ್ಡ ವ್ಯಾಪಾರಿಯೊಬ್ಬ ಬಂದು ಅವಳ ಕಿವಿಗೆ ಮಾತ್ರ ಕೇಳುವಂತೆ ಒಂದು ಬೆಲೆ ಹೇಳಿದ. ಒಳ್ಳೆಯ ಬೆಲೆಯೇ.

‘ಈ ಕೂಗಾಟ ಯಾಕಮ್ಮ? ಬೆಲೆ ನಮ್ಮಿಬ್ಬರ ನಡುವೆ ಇರಲಿ. ಇನ್ನು ಮುಂದೂ ಹಾಗೇ. ನಿಮ್ಮ ಒಂದು ಮಾತು ಸಾಕು, ಗೋದಾಮು ಖಾಲಿ ಮಾಡಿಕೊಡುತ್ತೇನೆ,’ ಎಂದ.

ಬೆಲೆ ಅವಳಿಗೆ ಹಿಡಿಸಿತು. ‘ನಿಮ್ಮ ಒಂದು ಮಾತು’ ಎಂದದ್ದು ಇನ್ನೂ ಹಿಡಿಸಿತು. ಆದರೆ ಬೈಲಾ ತಿದ್ದಲು ಸದಸ್ಯರ ಸಭೆ ಕರೆಯಲೇಬೇಕೆಂದು ಸಂಘದ ಕಾರ್ಯದರ್ಶಿ ನೆನಪಿಸಿದಳು.

‘ಕರೆದರಾಯಿತು. ನನ್ನ ಮಾತು ಮೀರುವವರು ಯಾರಿದ್ದಾರೆ?’ ಎಂದಳು ಅವಳು.

ಗೋದಾಮಿನಲ್ಲಿ, ಮೆಣಸಿನಕಾಯಿ ಚೀಲಗಳ ನಡುವೆ ಸಭೆ ಸೇರಿತು. ಅವಳು ಎಲ್ಲವನ್ನೂ ವಿವರಿಸಿದಳು. ಬೆಲೆಯೊಂದನ್ನು ಮಾತ್ರ ಹೇಳಲಿಲ್ಲ. ‘ಅದು ನನಗೆ ಗೊತ್ತಿದೆ. ಇಷ್ಟು ವರ್ಷ ನಿಮ್ಮನ್ನು ಕೈಬಿಟ್ಟಿದ್ದೇನೆಯೇ? ನಂಬಿ,’ ಎಂದಳು.

ಊರಿನಲ್ಲೇ ಅತಿ ಚಿಕ್ಕ ಹೊಲದವಳು ಎದ್ದು ನಿಂತಳು. ‘ನಂಬುತ್ತೇವಕ್ಕ. ಬೆಲೆ ಮಾತ್ರ ನಮಗೂ ಕೇಳಿಸಬೇಕು. ಆಗ ಅವರ ಟವೆಲ್ಲಿತ್ತು, ಈಗ ನಿನ್ನ ಸೆರಗು ಬಂತು. ಅಷ್ಟೇ ತಾನೇ?’

ಹಿಂದೆ ಯಾರೋ ಕಿಸಕ್ಕೆಂದರು. ಅಧ್ಯಕ್ಷೆಯ ಕಿವಿ ಬಿಸಿಯಾಯಿತು.

‘ಎರಡು ಚೀಲ ತರೋಳು ನೀನು. ನಂದೆಷ್ಟು ಗೊತ್ತೇನೇ?’

‘ಗೊತ್ತಕ್ಕ. ಎಣಿಸೋಕೇ ಆಗಲ್ಲ. ಆದರೆ ಮತ ಒಂದೊಂದೇ. ಓದಿ ಹೇಳಿದವಳು ನೀನೇ.’

ಒಪ್ಪುವವರು ಕೈ ಎತ್ತಿ ಎಂದು ಕಾರ್ಯದರ್ಶಿ ಕೇಳಿದಳು. ಅಧ್ಯಕ್ಷೆ ಕೈ ಎತ್ತಿದಳು. ಎಡಕ್ಕೆ ನೋಡಿದಳು, ಬಲಕ್ಕೆ ನೋಡಿದಳು. ಬೇರೆ ಯಾವ ಕೈಯೂ ಎದ್ದಿರಲಿಲ್ಲ. ಹಿಂದೆ ಅವಳ ಸ್ವಂತ ಸೊಸೆ ಎರಡೂ ಕೈಗಳನ್ನು ತೊಡೆಯ ಕೆಳಗಿಟ್ಟುಕೊಂಡು ಗೋಡೆ ನೋಡುತ್ತಿದ್ದಳು.

ಎದ್ದು ಹೊರಟುಬಿಡಬೇಕೆನ್ನಿಸಿತು ಅವಳಿಗೆ. ಸಂಘ, ಗೋದಾಮು ಎಲ್ಲ ಇವರೇ ಇಟ್ಟುಕೊಳ್ಳಲಿ ಎಂದುಕೊಂಡು ಎದ್ದೂ ಬಿಟ್ಟಳು. ಎದ್ದಾಗ ಅವರ ಮುಖಗಳು ಕಂಡವು. ಒಂದು ಕಾಲಕ್ಕೆ ದಲಾಲಿಯ ನೆರಳು ಕಂಡರೆ ಬಾಗಿಲ ಹಿಂದೆ ಸರಿಯುತ್ತಿದ್ದವರು. ಈಗ ಅವಳ ಕಣ್ಣಿಗೆ ಕಣ್ಣಿಟ್ಟು ಒಲ್ಲೆವು ಎಂದಿದ್ದರು. ಇವರಿಗೆ ಇಷ್ಟು ಎದೆಗಾರಿಕೆ ಕಲಿಸಿದವರು ಯಾರಪ್ಪ ಎಂದುಕೊಂಡಳು. ಉತ್ತರ ಹೊಳೆದದ್ದೇ ತಡ, ನಗು ಉಕ್ಕಿತು. ನಕ್ಕ ರಭಸಕ್ಕೆ ಮೆಣಸಿನ ಘಾಟು ಮೂಗಿಗೆ ಏರಿ ಸೀನಿದಳು. ಪಕ್ಕದವಳು ಸೀನಿದಳು. ನಕ್ಕು, ಸೀನಿ, ಕಣ್ಣೊರೆಸಿಕೊಂಡು, ಸಭೆಗೆ ಸಭೆಯೇ ಅಂಗಳಕ್ಕೆ ಬಂದು ಬಿತ್ತು.

ಹೊರಗೆ ಕಾಯುತ್ತಿದ್ದ ವ್ಯಾಪಾರಿ, ‘ಏನಾಯಿತು ಅಧ್ಯಕ್ಷರೇ?’ ಎಂದ.

‘ಸೋತೆ ಸಾಹುಕಾರ್ರೇ!’ ಎಂದಳು ಅವಳು, ಮದುವೆಗೆ ಕರೆಯುವ ದನಿಯಲ್ಲಿ. ‘ಗಂಟಲು ಸರಿಮಾಡಿಕೊಳ್ಳಿ. ನೀವೂ ಕೂಗಬೇಕು.’

ಬೇರೆ ವ್ಯಾಪಾರಿಗಳಿಗೂ ಹೇಳಿಕಳಿಸಿದರು. ಎಲ್ಲರೂ ಬಂದು ಕೂಗಿದರು. ದೊಡ್ಡ ವ್ಯಾಪಾರಿಯೂ ಕೂಗಿದ. ಬೆಲೆ ಅವನು ಕಿವಿಯಲ್ಲಿ ಹೇಳಿದ್ದಕ್ಕಿಂತ ತುಸು ಕಡಿಮೆಗೇ ನಿಂತಿತು. ಅದನ್ನು ಅಂಗಳದಲ್ಲಿದ್ದ ಪ್ರತಿಯೊಬ್ಬಳೂ ತನ್ನ ಕಿವಿಯಿಂದಲೇ ಕೇಳಿದಳು, ಗೋದಾಮೂ ಖಾಲಿಯಾಯಿತು.

ಸಂಜೆ ಅವಳ ಮನೆಯಲ್ಲಿ ಎಲ್ಲರಿಗೂ ಮಂಡಕ್ಕಿ, ಮೆಣಸಿನಕಾಯಿ ಬಜ್ಜಿ. ಬಾಣಲೆಯ ಮುಂದೆ ಕೂತ ಸೊಸೆ ಮೆಲ್ಲಗೆ ಕೇಳಿದಳು, ‘ಅತ್ತೆ, ನನ್ನ ಮೇಲೆ ಸಿಟ್ಟೇ?’

‘ಸಿಟ್ಟೇ. ನೀನು ಬಜ್ಜಿ ಕರಿ, ಜನ ಕಾಯುತ್ತಿದ್ದಾರೆ.’

ಕತೆ ಅಲ್ಲಿಗೆ ನಿಂತಿತು. ಶಿಷ್ಯನಿಗೆ ಸಮಾಧಾನವಾಗಲಿಲ್ಲ. ‘ಕಟ್ಟಿದವಳು ಅವಳು, ಗೆದ್ದವರು ಅವರು. ಹಾಗಾದರೆ ಅವಳದೆಂದು ಉಳಿದದ್ದೇನು, ಗುರುಗಳೇ?’

‘ಕಟ್ಟಿದವಳಿಗೂ ಒಲ್ಲೆವೆನ್ನಬಲ್ಲ ಒಂದು ಸಂಘ ಅವಳದಾಯಿತು,’ ಎಂದರು ಗುರು, ‘ಅದಕ್ಕೆ ಅವಳು ತೆತ್ತ ಬೆಲೆ, ತನ್ನದೇ ಕೊನೆಯ ಮಾತೆಂಬ ಹಕ್ಕು.’