ಹುಲಿಗೆವ್ವನ ಕೂಗು

ಹೊಳೆಯ ದಂಡೆಯಲ್ಲಿ ವಿರೂಪಣ್ಣ ಎಂಬ ಗುರುಗಳಿದ್ದರು. ಸಂಗೀತ ನಾಟಕ ಕಲಿಸುತ್ತಿದ್ದರು. ದಿನವೂ ನಸುಕಿನಲ್ಲಿ ನೀರಿಗೆ ಮುಖ ಮಾಡಿ ನಿಂತು ಸ್ವರ ಹಿಡಿಯುತ್ತಿದ್ದರು. ಕೇಳಿದವರು ನಿಂತಲ್ಲೇ ಕೈ ಮುಗಿಯುತ್ತಿದ್ದರು.

ಹುಲಿಗೆವ್ವ ಮೇಲಿನ ಊರಿನ ಅಂಬಿಗನ ಮಗಳು. ದಡದಲ್ಲಿ ನಿಂತು ಅಪ್ಪನನ್ನು ಕೂಗಿದಳೆಂದರೆ, ಏನು ಹೇಳಲಿ, ಆಚೆ ದಡದ ಎಮ್ಮೆಯೂ ತಲೆಯೆತ್ತಿ ನೋಡಬೇಕು!

ಗುರುಗಳ ಬಳಿ ಬಂದವಳೇ ಕೇಳಿದಳು: "ನನಗ ರಾಣಿ ಪಾರ್ಟು ಬೇಕ್ರಿ."

"ರಾಣಿ ಹೀಗೆ ಮಾತಾಡುವುದಿಲ್ಲ. ಪಾತ್ರ ಕೈಗೆ ಬರುವ ತನಕ ಮನೆಯ ಕಡೆ ಹೋಗಕೂಡದು. ನಾಲಿಗೆ ಕೆಡುತ್ತದೆ."

ಗುರುಗಳು ಅವಳ ಮಾತು ತಿದ್ದಿದರು. ದನಿ ತಿದ್ದಿದರು. ನಗುವುದನ್ನೂ ತಿದ್ದಿದರು ಅನ್ನಿ.

ವರ್ಷಗಳ ಮೇಲೆ ಹುಲಿಗೆವ್ವ ರಾಣಿಯಾಗಿ ಹಾಡಿದಳು. "ಯಾವ ದೊಡ್ಡ ಮನೆತನದ ಹೆಣ್ಣುಮಗಳು?" ಎಂದು ಸಭೆ ಕೇಳಿತು.

ಮರುದಿನ ಅಪ್ಪನಿಗೆ ಹೇಳಿಬರಲು ಹೋದವಳು ಸಂಜೆಗೇ ತಿರುಗಿ ಬಂದಳು. ಕಣ್ಣು ಕೆಂಪಾಗಿದ್ದವು.

"ಅಪ್ಪ ಸಿಕ್ಕಲಿಲ್ಲವೇ?"

"ಸಿಕ್ಕಿದರು ಗುರುಗಳೇ. ಈಗ ಅವರ ಕಣ್ಣಿಗೆ ಪೊರೆ ಬಂದಿದೆ. ದಡದಲ್ಲಿ ಯಾರಿದ್ದಾರೆಂದು ಕೂಗಿನಿಂದಲೇ ಗುರುತು ಹಿಡಿಯುತ್ತಾರೆ. ಕೂಗಿದೆ. ಹರಿಗೋಲು ತಂದರು. 'ಕುಂದರ್ರಿ ಅವ್ವಾರ' ಅಂದರು. ನನ್ನ ಸೀರೆ ಒದ್ದೆಯಾಗಬಾರದೆಂದು ತಮ್ಮ ಹೆಗಲ ವಸ್ತ್ರ ಹಾಸಿದರು."

"ಮಗಳೆಂದು ಹೇಳಬೇಕಿತ್ತು."

"ನಾನು ನಿಮ್ಮ ಹುಲಿಗೆವ್ವ ಎಂದೆ. ನಕ್ಕುಬಿಟ್ಟರು. 'ಬಡವನ್ನ ಚ್ಯಾಷ್ಟಿ ಮಾಡಬ್ಯಾಡ್ರಿ. ನಮ್ಮ ಹುಲಿಗಿ ಕೂಗಿದ್ರ ಹೊಳೀನ ಹರಿಯೂದು ಬಿಡತೈತಿ' ಅಂದರು. ನಡುಹೊಳೆಯಲ್ಲಿ ನನ್ನ ಹಳೆಯ ಕೂಗು ಕೂಗಲು ಬಾಯಿ ತೆರೆದೆ."

"ಆಮೇಲೆ?"

"ರಾಗ ಬಂತು. 'ಹಾಡು ಚೆಂದ ಐತ್ರಿ' ಅಂದರು. ಯಾರೋ ಪರವೂರಿನ ಹೆಂಗಸಿನಂತೆ ಇಳಿದು ಬಂದೆ."

ಹುಲಿಗೆವ್ವ ಗುರುಗಳ ಪಾದದ ಬಳಿ ಕುಳಿತಳು.

"ರಾಣಿ ಪಾತ್ರ ಬೇಡ ಗುರುಗಳೇ. ಅಪ್ಪ ಬದುಕಿರುವಾಗಲೇ ನನ್ನ ಕೂಗು ನನಗೆ ಮತ್ತೆ ಕಲಿಸಿ."

ಗುರುಗಳು ಎದ್ದು ನೀರಿನ ಅಂಚಿಗೆ ನಡೆದರು. ಬಾಯಿಯ ಎರಡೂ ಬದಿಗೆ ಅಂಗೈ ಹಿಡಿದು, ಎದೆ ತುಂಬ ಉಸಿರೆಳೆದು ಕೂಗಿದರು.

ಶುದ್ಧವಾದ ಷಡ್ಜ ಹೊರಟಿತು. ಹೊಳೆಯ ಮೇಲೆ ಹಾದುಹೋಯಿತು.

ಕೈ ಇಳಿಸಿದರು.

"ನಮ್ಮವ್ವ ಓಣಿ ಓಣಿ ತಿರುಗಿ ಉಪ್ಪು ಮಾರುತ್ತಿದ್ದಳು, ಮಗಳೇ. ದಿನಾ ನಸುಕಿಗೆ ಇಲ್ಲಿ ನಿಂತು ನನ್ನ ಗಂಟಲಿಗೆ ಅವಳ ಕೂಗು ಬರುತ್ತದೇನೋ ಎಂದು ನೋಡುತ್ತೇನೆ. ಜನ ಅದನ್ನು ಸಾಧನೆ ಅನ್ನುತ್ತಾರೆ."