ಐದು ಮಂದಿ ರುಚಿ ನೋಡಿದ ಮೀನಿನ ಸಾರು

"ಗುರುಗಳೇ, ಎರಡು ದಾರಿಯ ಮಾತನ್ನು ಕಲಸಿ ಒಂದೇ ಎಲೆಗೆ ಬಡಿಸುವವನನ್ನು ಸುಮ್ಮನೆ ಬಿಡಬಹುದೇ?" ಎಂದು ಶಿಷ್ಯ ಕೇಳಿದ.

ಅವನು ಸಿಟ್ಟಿನಲ್ಲಿದ್ದ. ಊರ ಗಾಣದ ಮನೆಯಲ್ಲಿ ಯಾರೋ ಒಬ್ಬ ಹಾಡುಗಾರ ಬಂದು ಬಿಡಾರ ಹೂಡಿದ್ದನಂತೆ. ಮಠದ ಪದಗಳಿಗೆ ಫಕೀರರ ಪದಗಳನ್ನು ಬೆರೆಸಿ ದಿನಾ ಸಂಜೆ ಹಾಡುತ್ತಿದ್ದನಂತೆ. ದುಡಿದು ಸೋತ ಜನ ಅಲ್ಲಿಗೇ ಹೋಗಿ ಕೂರುತ್ತಿದ್ದರಂತೆ. ಯಾವ ಸಾಲಿಗೆ ಯಾವ ಸಾಲು ಸೇರಿಸಿದ್ದಾನೆ ಎಂಬುದನ್ನು ಶಿಷ್ಯ ಒಂದಕ್ಷರ ಬಿಡದೆ ಒಪ್ಪಿಸಿದ. ಅವನನ್ನು ಊರು ಬಿಡಿಸಬೇಕು, ತಾವು ಅಪ್ಪಣೆ ಕೊಡಬೇಕು ಎಂದ.

ಗುರುಗಳು ಅವನನ್ನು ಕೂರಿಸಿಕೊಂಡು ಈ ಕತೆ ಹೇಳಿದರು.

ಕಡಲ ದಡದ ಒಂದು ಕೇರಿಯಲ್ಲಿ ಒಬ್ಬ ಬೆಸ್ತರ ಹೆಂಗಸು ಇದ್ದಳು. ಅವಳ ಗಂಡ ಹಿಂದಿನ ಪುಷ್ಯದ ಚಳಿಯಲ್ಲಿ ಬಲೆ ಎಳೆದೂ ಎಳೆದೂ ಎದೆ ಕಟ್ಟಿ ತೀರಿಹೋಗಿದ್ದ. ಬೆಳಗಿನ ಹೊತ್ತು ಸೊಂಟದ ತನಕ ನೀರಿನಲ್ಲಿ ನಿಂತು ಹಗ್ಗ ಎಳೆಯುವ ಕೆಲಸ ಅದು. ಕಡಲ ಕಡೆ ಚಳಿ ಎಲ್ಲಿದೆ ಎಂದು ಕೇಳುವವರಿದ್ದಾರೆ. ಅವರೆಲ್ಲ ಆ ಹೊತ್ತಿನಲ್ಲಿ ಹೊದ್ದು ಮಲಗಿರುವವರು. ಈ ವರ್ಷ ಗಂಡನ ಜಾಗದಲ್ಲಿ ಅವಳ ತಮ್ಮ ಹಗ್ಗ ಹಿಡಿದಿದ್ದ. ಅವನಿಗೂ ಕೆಮ್ಮು ಹತ್ತಿತ್ತು.

ಅದಕ್ಕೂ ಮುಂಚೆ ಒಂದು ಮಳೆಗಾಲದಲ್ಲಿ ದೂರದ ದ್ವೀಪದ ಹಡಗೊಂದು ಆ ದಡಕ್ಕೆ ಬಡಿದು ಒಡೆದಿತ್ತು. ಅದರ ಅಡಿಗೆಯವನು ಮೂರು ತಿಂಗಳು ಅವಳ ಮನೆಯ ಹಿಂದಿನ ಮಾಡಿನಲ್ಲಿ ಇದ್ದು ಹೋದ. ಮೀನಿನ ತಲೆ, ಮುಳ್ಳುಗಳನ್ನು ಶುಂಠಿಯ ಜೊತೆ, ನಿಂಬೆಯ ಪರಿಮಳದ ಮಜ್ಜಿಗೆ ಹುಲ್ಲಿನ ಜೊತೆ ಕುದಿಸಿ, ಸೋಸಿ, ಆ ತಿಳಿಯನ್ನು ಅವನು ಕುಡಿಯುತ್ತಿದ್ದ. ಈಗ ತಮ್ಮನ ಕೆಮ್ಮು ಕೇಳಿ ಅವಳಿಗೆ ಅದು ನೆನಪಾಯಿತು. ಹಾಗೇ ಕುದಿಸಿ ಸೋಸಿದಳು. ಅದಕ್ಕೆ ತನ್ನ ತಾಯಿಯ ಕೈಯಳತೆಯಲ್ಲಿ ಕರಿಮೆಣಸು, ಬೆಳ್ಳುಳ್ಳಿ ಜಜ್ಜಿ ಹಾಕಿದಳು. ಹುಳಿಗೆ ಒಣಗಿದ ಪುನರ್ಪುಳಿ ಸಿಪ್ಪೆ ಬಿಟ್ಟಳು. ತೆಂಗಿನಕಾಯಿ ಅರೆಯಲಿಲ್ಲ. ನಡುಗುವ ಗಂಟಲಿನಲ್ಲಿ ಮಂದ ಸಾರು ಇಳಿಯುವುದಿಲ್ಲ ಎಂದು ಅವಳಿಗೆ ಗೊತ್ತಿತ್ತು. ಕೊನೆಗೆ ಮೀನಿನ ತುಂಡು ಬಿಟ್ಟು, ಒಡೆಯದ ಹಾಗೆ ಸೌಟು ಆಡಿಸದೆ ಮಡಕೆಯ ಕಂಠ ಹಿಡಿದು ತಿರುಗಿಸಿ ಇಳಿಸಿದಳು.

ಹನ್ನೆರಡು ಮಂದಿ ಎಳೆಯುವವರು, ತೆಂಗಿನ ಚಿಪ್ಪಿನ ಹನ್ನೆರಡು ಗೆರಟೆ ಸಾರು. ನೀರಿನಿಂದ ಬಂದವರಿಗೆ ಹೋದ ಜೀವ ಬಂದಂತಾಗುತ್ತಿತ್ತು. ವಾರದೊಳಗೆ ತಮ್ಮನ ಕೆಮ್ಮು ಇಳಿಯಿತು.

ಸುದ್ದಿ ಕೇರಿಯ ಗುರಿಕಾರನ ಕಿವಿಗೆ ಬಿತ್ತು. ಕೇರಿಗೆಲ್ಲ ಅವನೇ ಯಜಮಾನ. ತೆಂಗಿನಕಾಯಿ ಇಲ್ಲದ ಮೀನಿನ ಸಾರು ಉಂಟೇ, ಪರದೇಶಿಯ ಹುಲ್ಲು ನಮ್ಮ ಮಡಕೆಗೆ ಬರುವುದುಂಟೇ ಎಂದು ನಾಲ್ಕು ಮಂದಿ ಹಿರಿಯರನ್ನು ಕಟ್ಟಿಕೊಂಡು ಬೆಳಿಗ್ಗೆ ಬೆಳಿಗ್ಗೆಯೇ ಅವಳ ಒಲೆಯ ಮುಂದೆ ಬಂದು ಕೂತ. ವಿಚಾರಣೆ ಆಗಬೇಕಂತೆ. ಬಲೆ ಅರ್ಧ ಬಂದಿದೆ, ಈಗ ಅವರೆಲ್ಲ ಮೇಲೆ ಬರುತ್ತಾರೆ, ಅಂಗೈಗೆ ಒಂದೊಂದು ತೊಟ್ಟು ಬಿಟ್ಟುಕೊಂಡು ನೋಡಿ ಎಂದು ಅವಳು ಕೈ ಮುಗಿದಳು.

ತೊಟ್ಟಿನಲ್ಲಿ ವಿಚಾರಣೆ ಆಗುತ್ತದೆಯೇ? ಸೌಟು ಇಳಿಯಿತು. ಶುಂಠಿ ನಮ್ಮದು ಎಂದ ಒಬ್ಬ. ಅಲ್ಲ ಎಂದ ಇನ್ನೊಬ್ಬ, ಖಚಿತ ಮಾಡಿಕೊಳ್ಳಲು ಮತ್ತೊಂದು ಗೆರಟೆ ತುಂಬಿಸಿದ. ಹುಳಿ ನಮ್ಮದು, ಸರಿ. ಆದರೆ ಈ ಪರಿಮಳ? ಅದಕ್ಕೂ ಒಂದು ಗೆರಟೆ. ಮೂಗು ಮುರಿಯುತ್ತಲೇ ಕುಡಿದರು, ಕುಡಿಯುತ್ತಲೇ ಬೈದರು. ತಳದ ಮೀನನ್ನು ಕೆದಕಿ ಕೆದಕಿ ಪುಡಿ ಮಾಡಿದರು. ಅವಳ ಮೈ ಉರಿಯುತ್ತಿತ್ತು, ಆದರೂ ಸೌಟು ಕಿತ್ತುಕೊಳ್ಳಲು ಕೈ ಬರಲಿಲ್ಲ. ಹಿರಿಯರಲ್ಲವೇ, ಎಲ್ಲಿಯಾದರೂ ನಿಲ್ಲಿಸುತ್ತಾರೆ ಎಂದು ಕಾದಳು. ಅವರು ನಿಲ್ಲಿಸಲಿಲ್ಲ.

ಕೊನೆಗೆ ಗುರಿಕಾರ ಹಣೆಯ ಬೆವರು ಒರೆಸಿಕೊಂಡು, ಇದು ನಮ್ಮ ಸಾರಲ್ಲ, ನಾಳೆಯಿಂದ ಇದನ್ನು ಬೇಯಿಸಕೂಡದು ಎಂದು ತೀರ್ಪು ಕೊಟ್ಟ. ಅಷ್ಟರಲ್ಲಿ ಎಳೆಯುವವರು ಮೇಲೆ ಬಂದರು. ಅವಳ ತಮ್ಮ ಎಲ್ಲರಿಗಿಂತ ಮುಂದೆ ಇದ್ದ. ತುಟಿ ನೀಲಿಗಟ್ಟಿತ್ತು. ಅವನು ಗೆರಟೆ ಚಾಚಿದ. ಅವಳು ಮಡಕೆ ಬಗ್ಗಿಸಿದಳು. ನಾಲ್ಕು ಚೂರು ಮೆಣಸು ಉದುರಿದವು.

ಅವಳು ಆ ಬರಿಯ ಮಡಕೆಯನ್ನು ಗುರಿಕಾರನ ಕಾಲ ಬಳಿ ಬೋರಲು ಹಾಕಿದಳು.

"ನಮ್ಮದಲ್ಲದ್ದು ನಿಮ್ಮ ಹೊಟ್ಟೆಯಲ್ಲಿ ಹೇಗೆ ನಿಂತಿತು, ಯಜಮಾನರೇ?" ಎಂದಳು. "ನನ್ನ ತಮ್ಮನ ಪಾಲು ಅದು."

ಅಲ್ಲಿಗೆ ಗುರುಗಳು ಕತೆ ನಿಲ್ಲಿಸಿದರು. ಶಿಷ್ಯನ ಮುಖ ಕೆಂಪೇರಿತ್ತು. ಅವರನ್ನು ಹಿರಿಯರು ಎನ್ನಬೇಕೇ, ತಾವು ಬೆವರುವಷ್ಟು ಕುಡಿದು ನಡುಗುವವರಿಗೆ ಬೇಡ ಎನ್ನಲು ಅವರಿಗೆ ಬಾಯಾದರೂ ಹೇಗೆ ಬಂತು ಎಂದು ಕೇಳಿದ. ಸಾರು ಬೇಯಿಸಿದವಳನ್ನಲ್ಲ, ಮೊದಲು ಅಂಥವರನ್ನು ಊರು ಬಿಡಿಸಬೇಕು ಎಂದ.

ಗುರುಗಳು ಅವನನ್ನೇ ನೋಡುತ್ತಾ ಕೇಳಿದರು: "ಗಾಣದ ಮನೆಯಲ್ಲಿ ನೀನು ಎಷ್ಟು ಸಂಜೆ ಕೂತು ಕೇಳಿ ಬಂದೆ, ಮಗು?"